ಮಳೆಗಾಲದ ಮೂರು ಡಬ್ಬಿಗಳು: ಚೀಸ್ ಟ್ಯೂನಾ ಕ್ಯಾಸರೋಲಿಗೆ ಯಾವುದು ತಕ್ಕದ್ದು?

ಮುಂಬಯಿಯ ಮುಲುಂಡಿನ ನಮ್ಮ ಮನೆಯಲ್ಲಿ ವಾರಕ್ಕೆ ನಾಲ್ಕು ದಿನವಾದರೂ ಮೀನಿನ ಪದಾರ್ಥ ಆಗಬೇಕು. ಜೂನ್ ಬಂದಿತೆಂದರೆ ಈ ರೂಢಿಗೆ ಕುತ್ತು ಬರುತ್ತದೆ. ಸಾಮಾನ್ಯವಾಗಿ ಜೂನ್ 1ರಿಂದ ಜುಲೈ 31ರ ವರೆಗೆ, 61 ದಿನಗಳ ಕಾಲ, ಪಶ್ಚಿಮ ಕರಾವಳಿಯ ಯಾಂತ್ರೀಕೃತ ದೋಣಿಗಳು ಕಡಲಿಗೆ ಇಳಿಯುವಂತಿಲ್ಲ. ಆಗ ಸಸೂನ್ ಡಾಕ್, ಭಾವುಚಾ ಧಕ್ಕಾ ಬಂದರುಗಳ ದೋಣಿಗಳು ಕಟ್ಟಿದಲ್ಲೇ ನಿಂತಿರುತ್ತವೆ. ಉಪನಗರದ ಪೇಟೆಗೆ ಬರುವುದು ಬಹುದಿನ ಐಸಿನಲ್ಲಿ ಮಲಗಿದ ಮೀನು, ಇಲ್ಲವೆ ಕೆರೆಯ ರೋಹು, ಕಟ್ಲಾ. ಊರಿನ ಬಂಗುಡೆ, ಬೂತಾಯಿಗಳ ರುಚಿ ಹತ್ತಿದ ನಾಲಿಗೆಗೆ ಸಿಹಿನೀರಿನ ಮೀನು ಒಗ್ಗುವುದಿಲ್ಲ, ಆ ಕಾಲದ ಪಾಪ್ಲೆಟಿನ ಬೆಲೆ ಕೇಳಿದ ಮೇಲೆ ಚೀಲ ಮಡಚಿಕೊಂಡು ಬರುವುದೇ ವಾಸಿ. ಈ ಸಲದ ಮಳೆಗಾಲದಲ್ಲಿ ನಾನು ಡಬ್ಬಿಯಲ್ಲಿ ಬರುವ ಟ್ಯೂನಾ ಮೀನಿನ ಕಡೆ ಕೈಚಾಚಿದ್ದು ಇಂಥ ಒಂದು ಸಂಜೆ. ಎರಡು ತಿಂಗಳಲ್ಲಿ ಮೂರು ಬಗೆಯ ಡಬ್ಬಿಗಳನ್ನು ಕೊಂಡು, ಮಕ್ಕಳು ಕೇಳಿದ ಚೀಸ್ ಹಾಕಿದ ಟ್ಯೂನಾ ಕ್ಯಾಸರೋಲನ್ನು ಆರು ಬಾರಿ ಮಾಡಿ ನೋಡಿದ್ದೇನೆ. ಆ ಮೂರೂ ಡಬ್ಬಿಗಳ ವಿಮರ್ಶೆ ಇದು. ಕಂಪನಿಗಳ ಹೆಸರು ಹೇಳುವುದಿಲ್ಲ. ಅಂಗಡಿಯಲ್ಲಿ ಆಯ್ಕೆ ಮಾಡಲು ಬೇಕಾದದ್ದು ಕಂಪನಿಯ ಹೆಸರಿಗಿಂತ ಲೇಬಲ್ಲಿನ ಸಣ್ಣ ಅಕ್ಷರ ಎಂಬುದು ನನಗೆ ಮನದಟ್ಟಾಗಿದೆ.

ಕ್ಯಾಸರೋಲ್ ಎಂಬ ಮಾತೇ ಮನೆಯಲ್ಲಿ ಮೊದಲ ಗೊಂದಲವನ್ನು ಹುಟ್ಟಿಸಿತು. ಮುಂಬಯಿಯ ಮನೆಗಳಲ್ಲಿ ಕ್ಯಾಸರೋಲ್ ಎಂದರೆ ಚಪಾತಿಯನ್ನು ಬಿಸಿಯಾಗಿ ಇಡುವ ಡಬ್ಬಿ. ರಾತ್ರಿಗೆ ಕ್ಯಾಸರೋಲ್ ಎಂದು ನಾನು ಬೆಳಿಗ್ಗೆಯೇ ಹೇಳಿದ್ದರಿಂದ ಅತ್ತೆಯವರು ಕಪಾಟಿನಿಂದ ಅದನ್ನು ಇಳಿಸಿ, ತೊಳೆದು, ಬಟ್ಟೆಯಿಂದ ಒರೆಸಿ ಮೇಜಿನ ಮೇಲೆ ಇಟ್ಟಿದ್ದರು. ಓವನ್ ಎಂಬ ಮುಚ್ಚಿದ ಒಲೆಯೊಳಗೆ ಬೇಯಿಸಿ ಅದೇ ಪಾತ್ರೆಯಲ್ಲಿ ಬಡಿಸುವ ತಿನಿಸಿಗೂ ಅದೇ ಹೆಸರು ಎಂದು ವಿವರಿಸಿದಾಗ, ಪಾತ್ರೆಯ ಹೆಸರನ್ನೇ ತಿನಿಸಿಗೆ ಇಟ್ಟವರ ಬಗ್ಗೆ ಅವರಿಗೆ ಅಷ್ಟೇನೂ ಗೌರವ ಮೂಡಲಿಲ್ಲ.

ಈ ತಿನಿಸು ಅಮೆರಿಕದ ಸಾಧಾರಣ ಮನೆಗಳದ್ದು. ಕ್ಯಾಲಿಫೋರ್ನಿಯಾದಲ್ಲಿ ಟ್ಯೂನಾವನ್ನು ಡಬ್ಬಿಗೆ ತುಂಬುವ ಉದ್ಯಮ ಶುರುವಾದದ್ದು 1903ರ ಸುಮಾರಿಗೆ, ಅಲ್ಲಿ ಸಾರ್ಡಿನ್ ಮೀನು, ಎಂದರೆ ನಮ್ಮ ಬೂತಾಯಿಯ ಸಂಬಂಧಿಕ, ಸಾಕಷ್ಟು ಸಿಗದೆ ಹೋದಾಗ. 1934ರಲ್ಲಿ ಕ್ಯಾಂಪ್‌ಬೆಲ್ ಕಂಪನಿಯ ಗಟ್ಟಿ ಅಣಬೆ ಸೂಪು ಡಬ್ಬಿಯಲ್ಲಿ ಬಂದಿತು. ಒಂದು ಡಬ್ಬಿ ಮೀನು, ಒಂದು ಡಬ್ಬಿ ಸೂಪು, ಬೇಯಿಸಿದ ನೂಡಲ್ಸ್, ಒಂದು ಹಿಡಿ ಬಟಾಣಿ, ಮೇಲೆ ಪುಡಿ ಮಾಡಿದ ಆಲೂಗಡ್ಡೆ ಚಿಪ್ಸ್ ಅಥವಾ ಬ್ರೆಡ್ ಪುಡಿ. ಇಷ್ಟನ್ನು ಕಲಸಿ ಒಲೆಗೆ ಇಟ್ಟರೆ ಮನೆಮಂದಿಯ ರಾತ್ರಿಯ ಊಟ ಮುಗಿಯಿತು. ಕಪಾಟಿನಲ್ಲಿ ಸದಾ ಇರುವ ಅಗ್ಗದ ಸಾಮಾನುಗಳಿಂದಲೇ ಆಗುತ್ತಿದ್ದುದು ಅದರ ಹೆಚ್ಚುಗಾರಿಕೆ. ಅಲ್ಲಿ ಅಗ್ಗವಾದ ಡಬ್ಬಿ ಇಲ್ಲಿಯೂ ಅಗ್ಗವೇ ಎಂಬುದನ್ನು ಮಾತ್ರ ಲೆಕ್ಕ ಹಾಕಿಯೇ ನೋಡಬೇಕು.

ನಾನು ಕೊಂಡ ಮೂರೂ ಡಬ್ಬಿಗಳ ಮೇಲೆ ದಪ್ಪ ಅಕ್ಷರದಲ್ಲಿ 185 ಗ್ರಾಂ ಎಂದೇ ಇತ್ತು. ಮೊದಲನೆಯದು ಆಲಿವ್ ಎಣ್ಣೆಯಲ್ಲಿ ಮುಳುಗಿಸಿದ ದೊಡ್ಡ ತುಂಡುಗಳ ಟ್ಯೂನಾ, ಥಾಯ್ಲೆಂಡಿನಿಂದ ಆಮದಾದದ್ದು, 390 ರೂಪಾಯಿ. ಎರಡನೆಯದು ಉಪ್ಪುನೀರಿನಲ್ಲಿರುವ ಸಣ್ಣ ತುಂಡುಗಳದ್ದು, 240 ರೂಪಾಯಿ. ಮೂರನೆಯದು ಉಪ್ಪುನೀರಿನಲ್ಲೇ ಇರುವ, ಎಸಳು ಎಸಳಾಗಿ ಉದುರಿದ ಮೀನು, ಇಂಗ್ಲಿಷಿನವರು ಫ್ಲೇಕ್ಸ್ ಎನ್ನುವಂಥದ್ದು, 165 ರೂಪಾಯಿ. ಈ 185 ಗ್ರಾಮಿನಲ್ಲಿ ದ್ರವವೂ ಸೇರಿದೆ. ಬಸಿದ ಮೇಲೆ ಉಳಿಯುವ ಮೀನಿನ ತೂಕ ಎಷ್ಟು ಎಂಬುದನ್ನು ಲೇಬಲ್ಲಿನ ಹಿಂಬದಿಯಲ್ಲಿ, ಕನ್ನಡಕ ಹಾಕಿಕೊಂಡರೆ ಮಾತ್ರ ಕಾಣುವ ಅಕ್ಷರದಲ್ಲಿ ಮುದ್ರಿಸಿರುತ್ತಾರೆ: ಮೊದಲ ಎರಡರಲ್ಲಿ 130 ಗ್ರಾಂ, ಮೂರನೆಯದರಲ್ಲಿ 120. ನಾನು ಪ್ರತಿಯೊಂದನ್ನೂ ಚಹಾ ಸೋಸುವ ಜಾಲರಿಯಲ್ಲಿ ಹತ್ತು ನಿಮಿಷ ಬಸಿದು, ಕೇಕಿನ ಸಾಮಾನು ತೂಗುವ ಚಿಕ್ಕ ತಕ್ಕಡಿಯಲ್ಲಿ ಇಟ್ಟು ನೋಡಿದೆ. ಆಲಿವ್ ಎಣ್ಣೆಯದು 128 ಗ್ರಾಂ ಬಂದಿತು. ಎರಡನೆಯದು 121 ಗ್ರಾಂ ಮಾತ್ರ. ಎಲ್ಲಕ್ಕಿಂತ ಅಗ್ಗದ ಮೂರನೆಯದು, ಹೇಳಿದ್ದಕ್ಕಿಂತ ಹೆಚ್ಚೇ, 123 ಗ್ರಾಂ ತೂಗಿತು. ಇದು ಒಂದೊಂದು ಡಬ್ಬಿಯ ತೂಕ, ನನ್ನ ತಕ್ಕಡಿಯೂ ಅಕ್ಕಸಾಲಿಗರದ್ದಲ್ಲ. ಆದರೂ ನೂರು ಗ್ರಾಂ ಮೀನಿಗೆ ಕೊಟ್ಟ ಹಣವನ್ನು ಹೀಗೆ ಲೆಕ್ಕ ಹಾಕಿದಾಗ ಮೊದಲನೆಯದಕ್ಕೆ ಸುಮಾರು 305, ಎರಡನೆಯದಕ್ಕೆ 198, ಮೂರನೆಯದಕ್ಕೆ 134 ರೂಪಾಯಿ ಬಿದ್ದಿತು.

ಎರಡನೆಯ ಬಗೆಯ ಡಬ್ಬಿಯ ಬಗ್ಗೆ ನನಗೆ ಇನ್ನೊಂದು ದೂರು ಇದೆ, ಆದರೆ ಅದು ಡಬ್ಬಿ ತುಂಬಿದವರಿಗಿಂತ ಮನೆಗೆ ತಲುಪಿಸಿದವರ ಮೇಲಿನದು. ಮೊಬೈಲಿನಲ್ಲಿ ತರಿಸಿದ ಎರಡು ಡಬ್ಬಿಗಳಲ್ಲಿ ಒಂದರ ಅಂಚು, ಮುಚ್ಚಳ ಕೂಡುವ ಮಡಿಕೆಯ ಜಾಗದಲ್ಲೇ ನಜ್ಜುಗುಜ್ಜಾಗಿತ್ತು. ಹೊಟ್ಟೆಯ ಭಾಗದಲ್ಲಿ ಸಣ್ಣ ತಗ್ಗಾಗಿದ್ದರೆ ನಾನು ತಲೆ ಕೆಡಿಸಿಕೊಳ್ಳುತ್ತಿರಲಿಲ್ಲ. ಮಡಿಕೆ ಕೆಟ್ಟರೆ ಡಬ್ಬಿಯ ಬಿಗಿ ಸಡಿಲವಾಗಿ ಒಳಗೆ ಸೂಕ್ಷ್ಮಾಣುಗಳು ಸೇರಬಹುದು, ಗಾಳಿ ಇಲ್ಲದ ಕಡೆ ಬೆಳೆಯುವ ಬೊಟುಲಿನಮ್ ಸೂಕ್ಷ್ಮಾಣುವಿನ ವಿಷ ಕಣ್ಣಿಗೂ ಮೂಗಿಗೂ ತಿಳಿಯಬೇಕೆಂದಿಲ್ಲ. ಉಬ್ಬಿದ ಡಬ್ಬಿಯನ್ನಂತೂ ತೆರೆದು ನೋಡುವ ಕುತೂಹಲವೂ ಬೇಡ. ಹಣ ವಾಪಸು ಬರಲು ಮೂರು ಫೋಟೋ ಮತ್ತು ಆರು ದಿನ ಬೇಕಾಯಿತು. ಅಂದಿನಿಂದ ಡಬ್ಬಿಯ ಮೀನನ್ನು ಸ್ಟೇಷನ್ ಬಳಿಯ ಅಂಗಡಿಯಲ್ಲಿ ಕೈಯಲ್ಲಿ ತಿರುಗಿಸಿ ನೋಡಿಯೇ ತರುತ್ತಿದ್ದೇನೆ.

ಡಬ್ಬಿ ತೆರೆದಾಗ ಮೂರೂ ಬೇರೆ ಬೇರೆ ಮುಖ ತೋರಿಸಿದವು. ಆಲಿವ್ ಎಣ್ಣೆಯ ಡಬ್ಬಿಯಲ್ಲಿ ಮೂರು ದಪ್ಪ ತುಂಡುಗಳು ಒತ್ತಾಗಿ ಕುಳಿತಿದ್ದವು. ತಿಳಿ ಗುಲಾಬಿ ಛಾಯೆಯ ಕೆನೆಬಣ್ಣ, ಫೋರ್ಕಿನಿಂದ ಮುಟ್ಟಿದರೆ ಹಲಸಿನ ತೊಳೆ ಸೀಳಿದ ಹಾಗೆ ಎಳೆಯ ಉದ್ದಕ್ಕೂ ಬಿಡಿಸಿಕೊಳ್ಳುವ ಮಾಂಸ. ವಾಸನೆಯೂ ಸೌಮ್ಯ. ಉಪ್ಪುನೀರಿನ ತುಂಡುಗಳು ಬೂದುಬಣ್ಣಕ್ಕೆ ತಿರುಗಿದ್ದವು, ಬಾಯಿಗೆ ಹಾಕಿದರೆ ಒಣಕಲು, ಆದರೆ ಕಡಲಿನ ಉಪ್ಪಿನ ರುಚಿ ಇತ್ತು. ಉದುರು ಮೀನಿನ ಡಬ್ಬಿ ನೋಡಲು ಸೊಗಸಲ್ಲ. ನೆನೆಸಿಟ್ಟ ಅವಲಕ್ಕಿ ಕಂದು ಬಣ್ಣಕ್ಕೆ ತಿರುಗಿದರೆ ಹೇಗೋ ಹಾಗೆ, ನಡುನಡುವೆ ಕಪ್ಪು ಮಾಂಸದ ಚೂರುಗಳು; ಮುಚ್ಚಳ ತೆರೆದ ಕೂಡಲೇ ನಮ್ಮ ಬೆಕ್ಕು ಅಟ್ಟದಿಂದ ಇಳಿದು ಬಂದಿತು. ಲೇಬಲ್ಲಿನ ಪ್ರಕಾರ ಇದರಲ್ಲಿರುವುದು ಸ್ಕಿಪ್‌ಜಾಕ್ ಎಂಬ, ಟ್ಯೂನಾ ಜಾತಿಯಲ್ಲೇ ಚಿಕ್ಕದಾದ ಮೀನು. ಲಕ್ಷದ್ವೀಪದ ಜನರು ಗಾಳದ ಕೋಲಿನಿಂದ ಒಂದೊಂದಾಗಿ ಎತ್ತಿ, ಬೇಯಿಸಿ, ಹೊಗೆಯಾಡಿಸಿ, ಒಣಗಿಸಿ ಮಾಸ್‌ಮಿನ್ ಮಾಡುವುದೂ ಇದೇ ಮೀನಿನಿಂದ.

ಮೊದಲ ಪ್ರಯತ್ನಕ್ಕೆ ನಾನು ಆರಿಸಿದ್ದು, ದುಬಾರಿಯದು ಚೆನ್ನಾಗಿಯೇ ಇರಬೇಕೆಂಬ ಮಧ್ಯಮವರ್ಗದ ನಂಬಿಕೆಯಿಂದ, ಆಲಿವ್ ಎಣ್ಣೆಯ ಡಬ್ಬಿಯನ್ನು. ಎಣ್ಣೆಯನ್ನು ಚೆಲ್ಲಲು ಮನಸ್ಸು ಬಾರದೆ ಅದನ್ನೂ ಪಾತ್ರೆಗೆ ಸುರಿದೆ. ಸೂಪಿನ ಬದಲು ಮೈದಾ, ಹಾಲಿನಿಂದ ಮಾಡಿದ ಬಿಳಿ ಸಾಸಿನ ಬೆಣ್ಣೆ, ಚೀಸಿನ ಕೊಬ್ಬು, ಮೇಲೆ ಈ ಎಣ್ಣೆ ಸೇರಿ, ಒಲೆಯಿಂದ ಹೊರಬಂದ ಕ್ಯಾಸರೋಲಿನ ಅಂಚಿನ ಸುತ್ತ ಹಳದಿ ಕಾಲುವೆ ಹರಿಯುತ್ತಿತ್ತು. ಅಷ್ಟು ಸಾಲದೆಂಬಂತೆ, ರುಚಿಗೆ ತಕ್ಕಷ್ಟು ಉಪ್ಪು ಎಂಬ ಅಭ್ಯಾಸಬಲದಿಂದ ಸಾಸಿಗೂ ಉಪ್ಪು ಹಾಕಿದ್ದೆ. ಡಬ್ಬಿಯ ಮೀನಿನಲ್ಲಿ ಉಪ್ಪಿದೆ, ಸಂಸ್ಕರಿಸಿದ ಚೀಸಿನಲ್ಲಿ ಉಪ್ಪಿದೆ, ಅಂಗಡಿಯ ಬೆಣ್ಣೆಯಲ್ಲಿ ಉಪ್ಪಿದೆ, ಮೇಲೆ ಉದುರಿಸುವ ವೇಫರಿನಲ್ಲೂ, ಎಂದರೆ ಆಲೂಗಡ್ಡೆ ಚಿಪ್ಸಿನಲ್ಲೂ, ಉಪ್ಪಿದೆ. ಮಕ್ಕಳು ನೀರು ಕುಡಿದು ಕುಡಿದು ಹೊಟ್ಟೆ ತುಂಬಿಸಿಕೊಂಡರು. ಅತ್ತೆಯವರು ಎರಡು ಚಮಚ ತಿಂದು ತಟ್ಟೆ ಸರಿಸಿ, "ಇದ್ರಗೆ ಮೀನ್ ಎಲ್ಲಿತ್ತ್ ಮಾರಾಯ್ತಿ?" ಎಂದು ಕೇಳಿದರು. 390 ರೂಪಾಯಿಯ ಮೀನು ಮೈದಾ ಮತ್ತು ಚೀಸಿನ ನಡುವೆ ಗುರುತೇ ಸಿಗದಂತೆ ಕರಗಿಹೋಗಿತ್ತೆಂಬುದು ಅವರ ಪ್ರಶ್ನೆಯ ಅರ್ಥ, ಮತ್ತು ಆ ಪ್ರಶ್ನೆಯೇ ಈ ವಿಮರ್ಶೆಯ ಮೂಲ.

ಮೀನು ಏಕೆ ಹಾಗಾಗುತ್ತದೆ ಎಂಬುದು ಡಬ್ಬಿ ತಯಾರಾಗುವ ಬಗೆಯನ್ನು ತಿಳಿದರೆ ಸ್ಪಷ್ಟವಾಗುತ್ತದೆ. ಕಾರ್ಖಾನೆಯಲ್ಲಿ ಟ್ಯೂನಾವನ್ನು ಸಾಮಾನ್ಯವಾಗಿ ಮೊದಲು ಹಬೆಯಲ್ಲಿ ಬೇಯಿಸಿ, ಚರ್ಮ, ಮುಳ್ಳು, ಕಪ್ಪು ಮಾಂಸವನ್ನು ತೆಗೆದು ಡಬ್ಬಿಗೆ ತುಂಬುತ್ತಾರೆ. ಮುಚ್ಚಿದ ಮೇಲೆ ದೊಡ್ಡ ಪ್ರೆಶರ್ ಕುಕ್ಕರಿನಂಥ ಯಂತ್ರದಲ್ಲಿ, ನೀರು ಕುದಿಯುವುದಕ್ಕಿಂತ ಹೆಚ್ಚಿನ ಉಷ್ಣದಲ್ಲಿ, ಡಬ್ಬಿಸಹಿತ ಮತ್ತೊಮ್ಮೆ ಬೇಯಿಸುತ್ತಾರೆ. ನಮ್ಮ ಕೈಗೆ ಬರುವುದು ಎರಡು ಬಾರಿ ಬೆಂದ ಮೀನು. ಅದು ಇನ್ನು ಬೇಯಬೇಕಾಗಿಲ್ಲ, ಬೆಂದಷ್ಟೂ ಒಣಗುತ್ತದೆ. ಕ್ಯಾಸರೋಲಿನಲ್ಲಿ ಒಲೆಗೆ ಇರುವ ಕೆಲಸ ಎಲ್ಲವನ್ನೂ ಬಿಸಿಯಾಗಿ ಒಂದುಗೂಡಿಸುವುದು ಮತ್ತು ಮೇಲ್ಪದರವನ್ನು ಕೆಂಪಾಗಿಸುವುದು, ಅಷ್ಟೇ. ಆದ್ದರಿಂದ ದಪ್ಪ ತುಂಡಿನ ನಯವಾದ ಎಳೆಗೆ ಹೆಚ್ಚಿನ ಹಣ ಕೊಟ್ಟು, ಅದನ್ನು ಸೌಟಿನಿಂದ ಮುರಿದು, ಸಾಸಿನಲ್ಲಿ ಮುಳುಗಿಸಿ, ಮೂರನೆಯ ಬಾರಿ ಒಲೆಯಲ್ಲಿ ಇಟ್ಟರೆ, ಕೊಟ್ಟ ಹೆಚ್ಚಿನ ಹಣ ಯಾವುದಕ್ಕೋ ಅದನ್ನೇ ನಾವು ಹಾಳುಮಾಡಿದಂತೆ.

ಮೂರನೆಯ ಬಾರಿಯಿಂದ ನನ್ನ ಕ್ರಮ ಒಂದು ಹದಕ್ಕೆ ಬಂದಿದೆ. ಐದು ಜನರಿಗೆ 250 ಗ್ರಾಂ ಮ್ಯಾಕರೋನಿಯನ್ನು ಪೊಟ್ಟಣದಲ್ಲಿ ಹೇಳಿದ ಸಮಯಕ್ಕಿಂತ ಎರಡು ನಿಮಿಷ ಮುಂಚೆಯೇ ಒಲೆಯಿಂದ ಇಳಿಸಿ ಬಸಿಯುತ್ತೇನೆ, ಏಕೆಂದರೆ ಉಳಿದ ನೀರನ್ನು ಅದು ಸಾಸಿನಿಂದ ಹೀರಿಕೊಳ್ಳಬೇಕು. ಬಾಣಲೆಯಲ್ಲಿ 50 ಗ್ರಾಂ ಬೆಣ್ಣೆ ಕರಗಿಸಿ, ಒಂದು ದೊಡ್ಡ ಈರುಳ್ಳಿಯನ್ನು ಸಣ್ಣಗೆ ಹೆಚ್ಚಿ ಬಾಡಿಸಿ, ಆರು ಸಪಾಟು ದೊಡ್ಡ ಚಮಚ ಮೈದಾ ಹಾಕಿ ಹಸಿ ವಾಸನೆ ಹೋಗುವವರೆಗೆ, ಆದರೆ ಬಣ್ಣ ತಿರುಗದಂತೆ, ಸಣ್ಣ ಉರಿಯಲ್ಲಿ ಹುರಿಯಬೇಕು. ಮುಕ್ಕಾಲು ಲೀಟರ್ ಹಾಲನ್ನು ಮೊದಲು ಸ್ವಲ್ಪ ಸ್ವಲ್ಪವಾಗಿ, ಗಂಟು ಒಡೆದ ಮೇಲೆ ಧಾರೆಯಾಗಿ ಹಾಕಿ, ಸೌಟಿನ ಹಿಂಬದಿಯಲ್ಲಿ ಬೆರಳಿನಿಂದ ಗೆರೆ ಎಳೆದರೆ ಗೆರೆ ನಿಲ್ಲುವಷ್ಟು ದಪ್ಪವಾಗುವವರೆಗೆ ಕುದಿಸುತ್ತೇನೆ. ನೀರು ದೋಸೆಯ ಹಿಟ್ಟಿಗಿಂತ ತುಸು ಗಟ್ಟಿ ಎಂದರೆ ನಮ್ಮವರಿಗೆ ಬೇಗ ತಿಳಿಯುತ್ತದೆ. ಬಟಾಣಿ ಒಂದು ಬಟ್ಟಲು, ದೊಣ್ಣೆಮೆಣಸಿನ ಚೂರು, ಕುಟ್ಟಿದ ಕಾಳುಮೆಣಸು, ಅರ್ಧ ಚಮಚ ಸಾಸಿವೆ ಪುಡಿ. ಸಾಸಿವೆಯ ಘಾಟು ಮೈದಾದ ಮಂದತನವನ್ನು ಮುರಿಯುತ್ತದೆ, ಆದ್ದರಿಂದ ಅದನ್ನು ಬಿಡಬಾರದು. ಉಪ್ಪು ಮ್ಯಾಕರೋನಿ ಬೇಯಿಸುವ ನೀರಿಗೆ ಮಾತ್ರ. ಡಬ್ಬಿಯ ಅಣಬೆ ಸೂಪಿನ ಬದಲಿಗೆ ಸೂಪಿನ ಪುಡಿಯ ಪೊಟ್ಟಣವನ್ನು ಒಮ್ಮೆ ಬಳಸಿದೆ. ಅದರ ಜೋಳದ ಹಿಟ್ಟಿನ ಅಂಟಂಟು ಯಾರಿಗೂ ಹಿಡಿಸಲಿಲ್ಲ, ಆಮದಿನ ಸೂಪಿನ ಡಬ್ಬಿ ಮೀನಿನ ಡಬ್ಬಿಗಿಂತಲೂ ತುಟ್ಟಿ.

ಚೀಸಿನ ವಿಷಯದಲ್ಲಿ ಸ್ವಲ್ಪ ನಿಲ್ಲಬೇಕು, ಏಕೆಂದರೆ ಈ ತಿನಿಸಿನಲ್ಲಿ ಹಣ ಸಾರ್ಥಕವಾಗುವುದು ಅಲ್ಲಿಯೇ. ಎರಡನೆಯ ಬಾರಿ ನಾನು ಒಳ್ಳೆಯ ಚೆಡ್ಡಾರ್ ತಂದು, ತುರಿದು, ಕುದಿಯುತ್ತಿದ್ದ ಸಾಸಿಗೆ ಹಾಕಿದೆ. ಕ್ಷಣದಲ್ಲಿ ಅದು ಒಡೆದು, ಎಣ್ಣೆ ಬೇರೆ, ಮರಳು ಮರಳಾದ ಗಷ್ಟು ಬೇರೆ ಆಯಿತು. ತಪ್ಪು ಚೀಸಿನದಲ್ಲ, ಉರಿ ಆರಿಸದ ನನ್ನದು. ಬಾಣಲೆಯನ್ನು ಇಳಿಸಿ, ಕುದಿ ನಿಂತ ಮೇಲೆ ಚೀಸ್ ಬೆರೆಸಬೇಕು. ಅವಸರದ ಅಡುಗೆಯವರಿಗೆ ನಮ್ಮ ದಿನಸಿ ಅಂಗಡಿಗಳಲ್ಲಿ ಕಟ್ಟಿಗೆಯ ತುಂಡಿನಂತೆ ಸಿಗುವ ಸಂಸ್ಕರಿಸಿದ ಚೀಸೇ ಹೆಚ್ಚು ಕ್ಷೇಮ. ಅದರಲ್ಲಿ ಸೇರಿಸಿರುವ ಸಿಟ್ರೇಟ್, ಫಾಸ್ಫೇಟ್‌ಗಳಂಥ ಲವಣಗಳು ಕೊಬ್ಬು ಮತ್ತು ಹಾಲಿನ ಪ್ರೋಟೀನು ಬೇರೆಯಾಗದಂತೆ ಹಿಡಿದಿಡುತ್ತವೆ. ಪಿಜ್ಜಾ ತಿನ್ನುವವರು ಮೂಗು ಮುರಿಯುವ ಈ ಗುಣವೇ ಸಾಸಿನಲ್ಲಿ ವರವಾಗುತ್ತದೆ. 150 ಗ್ರಾಮಿನಲ್ಲಿ 100 ಗ್ರಾಂ ಸಾಸಿಗೆ, 50 ಗ್ರಾಂ ಮೇಲಕ್ಕೆ. ಮೊಜರೆಲ್ಲಾ ಎಳೆ ಎಳೆಯಾಗಿ ಎಳೆದು ಮಕ್ಕಳನ್ನು ನಗಿಸುತ್ತದೆ, ರುಚಿಗೆ ಏನನ್ನೂ ಕೊಡುವುದಿಲ್ಲ.

ನಾಲ್ಕನೆಯ ಬಾರಿ ಒಂದು ಪರೀಕ್ಷೆ ಮಾಡಿದೆ. ಒಂದೇ ಬಾಣಲೆಯ ಸಾಸನ್ನೂ ಮ್ಯಾಕರೋನಿಯನ್ನೂ ಎರಡು ಗಾಜಿನ ಪಾತ್ರೆಗಳಿಗೆ ಸಮನಾಗಿ ಹಂಚಿ, ಒಂದಕ್ಕೆ 240 ರೂಪಾಯಿಯ ತುಂಡು ಮೀನು, ಇನ್ನೊಂದಕ್ಕೆ 165 ರೂಪಾಯಿಯ ಉದುರು ಮೀನು ಬೆರೆಸಿ, ಯಾವುದರಲ್ಲಿ ಯಾವುದು ಎಂದು ಹೇಳದೆ ಬಡಿಸಿದೆ. ತುಂಡು ಮೀನಿನ ಪಾತ್ರೆಯಲ್ಲಿ ಕೆಲವು ತುತ್ತುಗಳಲ್ಲಿ ಮೀನು ಗಟ್ಟಿಯಾಗಿ ಸಿಕ್ಕಿತು, ಕೆಲವು ತುತ್ತುಗಳಲ್ಲಿ ಇರಲೇ ಇಲ್ಲ. ಉದುರು ಮೀನು ಸಾಸಿನ ಉದ್ದಗಲಕ್ಕೂ ಹರಡಿ, ಪ್ರತಿ ತುತ್ತಿನಲ್ಲೂ ತನ್ನ ಇರವನ್ನು ತೋರಿಸಿತು. ತುಸು ಕಪ್ಪು ಮಾಂಸ ಇದ್ದುದರಿಂದ ರುಚಿಯೂ ದಟ್ಟವಾಗಿತ್ತು. ಪತಿ ಮತ್ತು ಮಗಳು ವ್ಯತ್ಯಾಸ ತಿಳಿಯಲಿಲ್ಲ ಎಂದರು. ಮಗ ಮೇಲಿನ ಗರಿಗರಿ ಪದರವನ್ನಷ್ಟೇ ಕೆರೆದು ತಿಂದಿದ್ದರಿಂದ ಅವನ ಅಭಿಪ್ರಾಯಕ್ಕೆ ಬೆಲೆ ಇಲ್ಲ. ಅತ್ತೆಯವರು ಎರಡನ್ನೂ ಸಾವಧಾನವಾಗಿ ತಿಂದು, ಉದುರು ಮೀನಿನ ಪಾತ್ರೆಯನ್ನು ತಮ್ಮ ಕಡೆಗೆ ಎಳೆದುಕೊಂಡರು, "ಇದ್ರಗೆ ಇತ್ತ್" ಎಂದರು. ಬೆಲೆ ಹೇಳಿದ ಮೇಲೆ ಅವರ ಮುಖದಲ್ಲಿ ಮೂಡಿದ ತೃಪ್ತಿಯನ್ನು ರುಚಿಯ ಲೆಕ್ಕಕ್ಕೆ ನಾನು ಸೇರಿಸಿಲ್ಲ.

ಇನ್ನು ಅಗ್ಗದ ಮಾತು. ಎರಡು ಉದುರು ಮೀನಿನ ಡಬ್ಬಿಗೆ 330, ಚೀಸಿಗೆ 95, ಹಾಲಿಗೆ 45, ಮ್ಯಾಕರೋನಿಗೆ 35, ಬೆಣ್ಣೆಗೆ 30, ಬಟಾಣಿಗೆ 25, ಈರುಳ್ಳಿ, ದೊಣ್ಣೆಮೆಣಸು, ಮೈದಾ ಎಲ್ಲ ಸೇರಿ 20, ವೇಫರಿಗೆ 20. ಒಟ್ಟು 600 ರೂಪಾಯಿ, ಐವರಿಗೆ ತಲೆಗೆ 120. ಹೊರಗೆ ಬೇಕ್ ಮಾಡಿದ ಪಾಸ್ತಾ ತಿನ್ನುವುದಕ್ಕಿಂತ ಇದು ಖಂಡಿತ ಕಡಿಮೆ, ಆದರೆ ಇದನ್ನು ಬಡವರ ಊಟ ಎನ್ನಲಾಗದು. ಮುಂಬಯಿಯಲ್ಲಿ ಮೊಟ್ಟೆಯೂ ಮಳೆಗಾಲ ಕಳೆದ ಮೇಲಿನ ಬಂಗುಡೆಯೂ ಡಬ್ಬಿಯ ಟ್ಯೂನಾಕ್ಕಿಂತ ಬಹಳ ಅಗ್ಗ. ಅಮೆರಿಕದ ಗೃಹಿಣಿಗೆ ಡಬ್ಬಿ ಉಳಿತಾಯದ ಸಾಧನ, ನಮಗೆ ಅದೇ ಖರ್ಚಿನ ಅರ್ಧಕ್ಕಿಂತ ಹೆಚ್ಚು. ಆದ್ದರಿಂದ ಐದನೆಯ ಬಾರಿ ಒಂದೇ ಡಬ್ಬಿ ಹಾಕಿ, ಎರಡನೆಯ ಡಬ್ಬಿಯ ಜಾಗದಲ್ಲಿ ಎರಡು ಬೆಂದ ಮೊಟ್ಟೆಗಳನ್ನು ಹೆಚ್ಚಿ ಸೇರಿಸಿದೆ. ಖರ್ಚು 450ರ ಆಸುಪಾಸಿಗೆ, ತಲೆಗೆ 90ಕ್ಕೆ ಇಳಿಯಿತು. ಉದುರು ಮೀನು ತೆಳುವಾಗಿ ಹರಡುವುದರಿಂದ ಮೀನಿನ ರುಚಿ ಕಡಿಮೆಯಾಯಿತೆಂದು ಯಾರೂ ಹೇಳಲಿಲ್ಲ. ದಪ್ಪ ತುಂಡಿನ ಡಬ್ಬಿಯಿಂದ ಈ ಉಪಾಯ ನಡೆಯದು, ಒಂದೇ ಡಬ್ಬಿಯ ತುಂಡುಗಳನ್ನು ಐದು ತಟ್ಟೆಗಳವರು ಹುಡುಕಬೇಕಾಗುತ್ತದೆ.

ಡಬ್ಬಿಯೇ ಏಕೆ, ಹಸಿ ಮೀನಿನಿಂದ ಮಾಡಬಾರದೇ ಎಂದು ಕೇಳಬಹುದು. ಊರಿನಲ್ಲಿ ನಾವು ಕೇದರ್ ಎನ್ನುವ ಮೀನನ್ನೇ ಇಲ್ಲಿನ ಕೋಳಿ ಎಂಬ ಮೀನುಗಾರ ಸಮುದಾಯದ ಹೆಂಗಸರು ಕುಪಾ ಎಂದು ಮಾರುತ್ತಾರೆ. ಅದೂ ಟ್ಯೂನಾ ಕುಲದ್ದೇ. ಆಗಸ್ಟಿನಲ್ಲಿ ದೋಣಿಗಳು ಮತ್ತೆ ಕಡಲಿಗೆ ಇಳಿದ ಮೇಲೆ ಒಂದು ಚಿಕ್ಕ ಕುಪಾ ತಂದು, ಹಬೆಯಲ್ಲಿ ಬೇಯಿಸಿ, ಮುಳ್ಳು ಬಿಡಿಸಿ, ಆರನೆಯ ಕ್ಯಾಸರೋಲಿಗೆ ಬಳಸಿದೆ. ಹಣ ಉಳಿಯಿತು. ಆದರೆ ಕುಪಾದ ಬೆನ್ನುಮೂಳೆಯ ಉದ್ದಕ್ಕೂ ಇರುವ ಕೆಂಪು ಮಾಂಸದ ರಕ್ತದಂಥ ವಾಸನೆಯನ್ನು ಹುಣಸೆ, ಬ್ಯಾಡಗಿ ಮೆಣಸು, ಕೊತ್ತಂಬರಿಯ ಮಸಾಲೆ ತಡೆಯಬಲ್ಲದು, ಹಾಲು ಮತ್ತು ಚೀಸ್ ತಡೆಯಲಾರವು. ಇನ್ನೊಂದು ಎಚ್ಚರ: ಈ ಜಾತಿಯ ಮೀನನ್ನು ಹಿಡಿದ ಕೂಡಲೇ ಐಸಿನಲ್ಲಿ ಇಡದಿದ್ದರೆ ಅದರಲ್ಲಿ ಹಿಸ್ಟಮಿನ್ ಹುಟ್ಟುತ್ತದೆ, ಎಷ್ಟು ಬೇಯಿಸಿದರೂ ಅದು ಹೋಗುವುದಿಲ್ಲ, ತಿಂದವರಿಗೆ ಮುಖ ಕೆಂಪಾಗಿ ಮೈ ತುರಿಸುತ್ತದೆ. ಐಸಿನ ಮೇಲೆ ಇಲ್ಲದ ಕುಪಾವನ್ನು ಎಷ್ಟು ಅಗ್ಗವಾದರೂ ಕೊಳ್ಳಬಾರದು.

ಬೇಯಿಸುವ ವಿಚಾರದಲ್ಲಿ ಹೇಳಬೇಕಾದದ್ದು ಕಡಿಮೆ. ನಮ್ಮದು 16 ಲೀಟರಿನ ಓಟಿಜಿ, ಎಂದರೆ ವಿದ್ಯುತ್ತಿನ ಚಿಕ್ಕ ಓವನ್. ಮುಂಚೆಯೇ ಕಾಯಿಸಿ, 180 ಡಿಗ್ರಿಯಲ್ಲಿ 20 ನಿಮಿಷ, ಕೊನೆಗೆ ಮೇಲಿನ ಕಂಬಿ ಮಾತ್ರ ಉರಿಯುವಂತೆ ನಾಲ್ಕು ನಿಮಿಷ. ವೇಫರಿನ ಪುಡಿಯನ್ನು ಈ ನಾಲ್ಕು ನಿಮಿಷಕ್ಕೆ ಮುಂಚೆ ಉದುರಿಸಬೇಕು, ಮೊದಲೇ ಹಾಕಿದರೆ ಕಪ್ಪಾಗುತ್ತದೆ. ವೇಫರಿಗಿಂತ ಬೇಕರಿಯ ಟೋಸ್ಟನ್ನು ಲಟ್ಟಣಿಗೆಯಿಂದ ಒರಟಾಗಿ ಪುಡಿ ಮಾಡಿ, ಒಂದು ಚಮಚ ಬೆಣ್ಣೆಯಲ್ಲಿ ಹೊರಳಿಸಿ ಹಾಕಿದರೆ ಗರಿಗರಿ ಹೆಚ್ಚು ಹೊತ್ತು ನಿಲ್ಲುತ್ತದೆ, ಆದರೆ ಸಿಹಿಯಿಲ್ಲದ ಟೋಸ್ಟೇ ಆಗಬೇಕು. ಓಟಿಜಿ ಇಲ್ಲದವರು ದಪ್ಪ ಕಾವಲಿಯ ಮೇಲೆ ಮುಚ್ಚಿದ ಬಾಣಲೆಯಲ್ಲಿ ಸಣ್ಣ ಉರಿಯಿಂದ ಹತ್ತು ನಿಮಿಷ ಬಿಸಿಮಾಡಿ, ಟೋಸ್ಟಿನ ಪುಡಿಯನ್ನು ಬೇರೆಯಾಗಿ ಹುರಿದು ಉದುರಿಸಿಕೊಳ್ಳಬಹುದು. ಮೀನು ಮೊದಲೇ ಬೆಂದಿರುವುದರಿಂದ ಹಸಿ ಉಳಿಯುವ ಭಯ ಇಲ್ಲ. ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಸೇರಿಸಿ, ಮರುದಿನ ಎರಡು ಚಮಚ ಹಾಲು ಚಿಮುಕಿಸಿ ಕಾಯಿಸಿದರೆ ಮಧ್ಯಾಹ್ನದ ಊಟದ ಡಬ್ಬಾಕ್ಕೆ ಸರಿಹೋಗುತ್ತದೆ, ಗರಿಗರಿ ಮಾತ್ರ ಹಿಂದಿನ ರಾತ್ರಿಯೇ ಮುಗಿದಿರುತ್ತದೆ.

ಮಕ್ಕಳಿಗೆ ಕೊಡುವವರು ಪಾದರಸದ ಬಗ್ಗೆ ಕೇಳುತ್ತಾರೆ. ಟ್ಯೂನಾ ದೊಡ್ಡದಾದಷ್ಟೂ, ಹೆಚ್ಚು ವರ್ಷ ಬದುಕಿದಷ್ಟೂ ಅದರ ಮೈಯಲ್ಲಿ ಪಾದರಸ ಸೇರುತ್ತದೆ. ಬಿಳಿ ಟ್ಯೂನಾ ಎಂದು ಮಾರುವ ಆಲ್ಬಕೋರಿಗಿಂತ ಚಿಕ್ಕ ಸ್ಕಿಪ್‌ಜಾಕಿನಲ್ಲಿ ಅದು ಕಡಿಮೆ. ಇಲ್ಲಿಯೂ ಅಗ್ಗದ ಡಬ್ಬಿಯೇ ಮೇಲು ಎಂಬುದು ನನಗೆ ಅನಿರೀಕ್ಷಿತ ಸಂತೋಷ. ಉಪ್ಪಿನ ಬಗ್ಗೆ ಮಾತ್ರ ಯಾವ ಡಬ್ಬಿಗೂ ನಾನು ಒಳ್ಳೆಯ ಅಂಕ ಕೊಡಲಾರೆ. ರಕ್ತದೊತ್ತಡಕ್ಕೆ ಮಾತ್ರೆ ತೆಗೆದುಕೊಳ್ಳುವ ಅತ್ತೆಯವರಿಗಾಗಿ, ಬಸಿದ ಮೀನನ್ನು ಕುಡಿಯುವ ನೀರಿನಲ್ಲಿ ಒಮ್ಮೆ ತೊಳೆದು ಹಿಂಡಿ ಹಾಕುತ್ತಿದ್ದೇನೆ. ರುಚಿಯ ಒಂದು ಪಾಲು ನೀರಿನೊಂದಿಗೆ ಹೋಗುವುದು ನಿಜ, ಸಾಸಿವೆ ಅದನ್ನು ಸ್ವಲ್ಪ ತುಂಬಿಕೊಡುತ್ತದೆ.

ಡಬ್ಬಿಯ ಟ್ಯೂನಾವನ್ನು ತೆಂಗಿನಕಾಯಿ ಹಾಕಿದ ಸಾರಿಗೂ ಒಮ್ಮೆ ಬಿಟ್ಟು ನೋಡಿದೆವು. ಮಸಾಲೆ ಮೀನಿನೊಳಗೆ ಇಳಿಯಲಿಲ್ಲ, ಮೀನು ನಾರು ನಾರಾಗಿ ಸಾರಿನ ತುಂಬ ತೇಲಿತು. ಆ ದಾರಿ ಮತ್ತೆ ಹಿಡಿಯುವುದಿಲ್ಲ. ಮುಂದಿನ ಜೂನಿಗೆ ಉದುರು ಮೀನಿನ ಆರು ಡಬ್ಬಿಗಳನ್ನು ಮೇ ತಿಂಗಳಲ್ಲೇ ತಂದಿಡುವ ಆಲೋಚನೆ ಇದೆ. 240 ರೂಪಾಯಿಯ ತುಂಡಿನ ಡಬ್ಬಿಗೆ ನಮ್ಮ ಮನೆಯಲ್ಲಿ ಕೆಲಸವಿಲ್ಲ. ಆಲಿವ್ ಎಣ್ಣೆಯ ಇನ್ನೊಂದು ಡಬ್ಬಿ ಕಪಾಟಿನಲ್ಲಿ ಉಳಿದಿತ್ತು. ಅದನ್ನು ಕಳೆದ ಭಾನುವಾರ ತೆರೆದು, ಹಸಿ ಈರುಳ್ಳಿ, ಹಸಿಮೆಣಸು, ಕೊತ್ತಂಬರಿ ಸೊಪ್ಪು, ನಿಂಬೆರಸ ಸೇರಿಸಿ, ಎಣ್ಣೆಯನ್ನೂ ಚೆಲ್ಲದೆ, ಬಿಸಿ ಪಾವಿನೊಳಗೆ ಇಟ್ಟು ತಿಂದೆವು. ಮೀನು ಎಲ್ಲಿ ಎಂದು ಅತ್ತೆಯವರು ಕೇಳಲಿಲ್ಲ.